ಮೆಹಕರದ ಫೋಲ್ಡರ್

ಪರದೆಯ ಮೇಲಿನ ಪಟ್ಟಿಯಲ್ಲಿ ತನ್ನೂರಿನ ಹೆಸರು ಕಾಣದೆ ಮಚ್ಛೇಂದ್ರ ಹಾರ್ಡ್ ಡಿಸ್ಕಿನ ವೈರನ್ನು ಜಗ್ಗಿ ಕಿತ್ತ. ಕಾಪಿಯಾಗುತ್ತಿದ್ದ ಹೊಸ ಕಾರ್ ರೇಸ್ ಆಟ ಅರ್ಧಕ್ಕೇ ನಿಂತಿತು.

“ಹುಚ್ಚ ಹಿಡದದೇನ್ಲೇ ನಿನಗ?” ಗೇಮ್ ಅಂಗಡಿಯ ಮಾಲಕ ಗುಲಾಮ ರಸೂಲ ಕುರ್ಚಿಯಿಂದ ಎದ್ದ. “ಪುಣೆದಿಂದ ಬಂದು ಭಾಲ್ಕಿದಾಗ ಇಳದು ಹತ್ತು ಮಿನಿಟ ಆಗಿಲ್ಲ!”

“ಇದರಾಗ ಇನ್ನ ಏನೂ ಹಾಕಬ್ಯಾಡ್ರಿ. ಮೆಹಕರದ ಫೋಲ್ಡರ್ ಎಲ್ಲದ?”

“ಎಲ್ಲಾ ಸಾಫ್ ಮಾಡೀನಿ ನೋಡು. ನಿಂದೇನದು, ಊರಿಗೊಂದು ಫೋಲ್ಡರ್! ಹಲಬರ್ಗಾ, ಮೆಹಕರ, ಔರಾದ... ಗೇಮ್ ಲೈಬ್ರರಿನೋ, ಬಸ್‌ಸ್ಟ್ಯಾಂಡೋ? ಈಗ ಕ್ರಿಕೆಟ್ ಎಲ್ಲಾ ಒಂದರಾಗ, ಕುಸ್ತಿ ಎಲ್ಲಾ ಒಂದರಾಗ.”

ಹಿಂದೆ ಇಲ್ಲಿ ಕೆಲಸಕ್ಕಿದ್ದಾಗ ಮಚ್ಛೇಂದ್ರ ಡಿಸ್ಕುಗಳ ಬ್ಯಾಕಪ್ ಮಾಡಿ, ಜನ ಅಂಗಡಿಗೆ ಬಂದು ಆಡಿ ಅರ್ಧಕ್ಕೆ ನಿಲ್ಲಿಸಿದ ಆಟಗಳನ್ನು ಅವರವರ ಊರಿನ ಹೆಸರಲ್ಲಿ ಇಟ್ಟಿದ್ದ. ಆ ಫೈಲುಗಳಿಗೆಲ್ಲ ಹೆಸರು ಒಂದೇ. ಫೋಲ್ಡರ್ ಮಾತ್ರ ಬೇರೆ. ಒಂದರಲ್ಲೇ ಸುರಿಯುವಾಗ, ಹಳೆಯದನ್ನು ಅಳಿಸಿ ಹೊಸದನ್ನು ಇಡಲೇ ಎಂದು ಕಂಪ್ಯೂಟರ್ ಪ್ರತಿ ಸಲ ಕೇಳಿತ್ತು. ರಸೂಲ ಪ್ರತಿ ಸಲ ಹೌದು ಒತ್ತಿದ್ದ. ಉಳಿದದ್ದು ಕೊನೆಗೆ ಹಾಕಿದ ಔರಾದಿನದೊಂದೇ.

“ಕೇಳ್ತದಲ್ಲರಿ ಅದು! ಓದಲಿಕ್ಕ ಬರಂಗಿಲ್ಲೇನು?”

“ಎಲ್ಲದಕ್ಕೂ ಕೇಳ್ತದಪಾ ಅದು. ಎಷ್ಟಂತ ಓದಲಿ?”

ಮೆಹಕರದ ಕ್ರಿಕೆಟ್ ಟೀಮಿನಲ್ಲಿ ಮಚ್ಛೇಂದ್ರನೂ ಸೇರಿ ಊರಿನ ಹನ್ನೊಂದು ಮಂದಿ ಗೆಳೆಯರ ಹೆಸರುಗಳಿದ್ದವು. ಮಾಣಿಕನ ಹೆಸರು ಕ್ರೀಸಿಗೆ ಬಂದರೆ ಆಟ ಆಡಿಸುವ ರಿಮೋಟು ಮಾಣಿಕನ ಕೈಗೇ ಹೋಗಬೇಕು; ಬೇರೆಯವರು ಮುಟ್ಟುವಂತಿರಲಿಲ್ಲ. ಸೆಮಿಫೈನಲ್ ಗೆದ್ದ ವಾರವೇ ಬೋರು ಬತ್ತಿ, ಒಬ್ಬೊಬ್ಬರಾಗಿ ಪುಣೆ, ಹೈದರಾಬಾದಿಗೆ ಹೋದರು. ಎರಡು ವರ್ಷದಿಂದ ಫೈನಲ್ ಬಾಕಿಯಿತ್ತು.

“ಪಂಚಮಿಗಿ ಎಲ್ಲಾರೂ ಬರಲಿಕ್ಕತ್ತಾರ. ಊರಾಗ ನೀರಿಲ್ಲ, ಕೆಲಸಿಲ್ಲ. ಯಾತಕ್ಕ ಬರಲಿಕ್ಕತ್ತಾರ, ಗೊತ್ತದೇನ್ರಿ ನಿಮಗ?” ಮಚ್ಛೇಂದ್ರ ಟೇಬಲ್ಲಿಗೆ ಗುದ್ದಿದ. “ಆ ಒಂದು ಆಟಕ್ಕ! ಸಾಫ್ ಮಾಡೀನಿ ಅಂತೀರಿ!”

ರಸೂಲನ ದನಿ ಇಳಿಯಿತು. ಎದ್ದು ಹೋಗಿ ಶಟರನ್ನು ಅರ್ಧ ಎಳೆದು ಬಂದ.

“ತಪ್ಪಾಯ್ತು ಭಾಯ್. ಹೆಸರು ಬರಕೊಡು, ಟೀಮು ಮತ್ತ ಮಾಡ್ತೇನಿ. ಪಂಚಮಿ ತನಕ ಅಂಗಡಿ ಬಂದ್ ಇಡ್ತೇನಿ. ಎಲ್ಲಾರ ರನ್ನು ನಾವಿಬ್ಬರೇ ಹೊಡದು, ಫೈನಲ್ ತನಕ ತಂದು ನಿಲ್ಲಸೋಣು. ಒಬ್ಬರಿಗೂ ಗೊತ್ತಾಗಂಗಿಲ್ಲ. ಹಿಡಿ.” ರಿಮೋಟನ್ನು ಅವನ ಮುಂದೆ ಚಾಚಿದ.

ಮಚ್ಛೇಂದ್ರ ಎರಡೂ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡ.

“ಮಾಣಿಕನ ರನ್ನು ನಾ ಹೊಡಿಯಂಗಿಲ್ಲ.”