ಎರಡು ಬೆರಳು ಬಟ್ಟೆ

ತನ್ನ ಹೊಸ ಗೌನನ್ನು ಒಳಗಿನಿಂದ ತಿರುವಿ ನೋಡಿದ ಕೂಡಲೇ ಗುಂಡುಸೂಜಿಯ ಮುಖ ಕೆಂಡವಾಯಿತು. ಒಳಗೆ ಬಟ್ಟೆಯೇ ಬಿಟ್ಟಿರಲಿಲ್ಲ. ಎರಡೂ ಪಕ್ಕೆಗಳಲ್ಲಿ ಹೊಲಿಗೆಗೆ ಅಂಟಿಕೊಂಡೇ ಕತ್ತರಿ ಓಡಿತ್ತು.

ಅಪ್ಪನ ಟೈಲರ್ ಅಂಗಡಿಯಲ್ಲಿ ಇದು ನಡೆಯದ ಮಾತು. ಮೈ ತುಂಬಿಕೊಂಡಾಗ ಹೊಲಿಗೆ ಬಿಚ್ಚಿ ಅಗಲ ಮಾಡಲು ಎರಡು ಬೆರಳಿನಷ್ಟು ಬಟ್ಟೆಯನ್ನು ಎಲ್ಲರಿಗೂ ಬಿಡಬೇಕು. ತೊಟ್ಟಿಲ ಕೂಸಿಗೂ, ಕೋಲೂರಿಕೊಂಡು ಬರುವ ಮುದುಕಿಗೂ. ಚೂರುಬಟ್ಟೆಗಳ ರಾಶಿಯಲ್ಲೇ ಅಂಬೆಗಾಲಿಟ್ಟ ಹುಡುಗಿಗೆ ಅದನ್ನು ಯಾರೂ ಹೇಳಿಕೊಡಬೇಕಿರಲಿಲ್ಲ. ಮಾತಿನ ಮೊನೆ ನೋಡಿಯೇ ಅಪ್ಪ ಅವಳನ್ನು ಗುಂಡುಸೂಜಿ ಎಂದು ಕರೆದದ್ದು. ಹದಿನೆಂಟು ತುಂಬುವಷ್ಟರಲ್ಲಿ ರಕ್ತದ ಕಾಯಿಲೆ ಅವಳ ಮೈಯನ್ನೆಲ್ಲ ಹೀರಿತ್ತು, ಆ ಮೊನೆಯೊಂದನ್ನು ಬಿಟ್ಟು. "ಇನ್ನು ಔಷಧಿ ಸಾಕು, ಮನೆಯಲ್ಲಿ ಆರಾಮಾಗಿ ಇರಲಿ" ಎಂದು ಡಾಕ್ಟರು ಹೇಳಿದ್ದು ಬಾಗಿಲಿನಾಚೆ. ಅವಳಿಗೆ ಕೇಳಿಸಿದ್ದು ಈಚೆ.

ಬಟ್ಟೆ ಕತ್ತರಿಸುವ ಮೇಜಿನ ಹಿಂದೆ ಅವನು ನಿಂತಿದ್ದ. ಅಪ್ಪನಿಗೆ ಕಟಿಂಗ್ ಮಾಸ್ಟರ್. ಅವಳಿಗೆ ಏನು ಎಂದು ಯಾರೂ ಬಾಯಿಬಿಟ್ಟು ಹೇಳಿರಲಿಲ್ಲ. ಅಂಗಡಿಯ ಕನ್ನಡಿಗೆ ಕೂಡ ಗೊತ್ತಿತ್ತು.

"ಇದನ್ನ ಕತ್ತರಿಸಿದ್ದು ಯಾರು, ಮಾಸ್ಟ್ರೇ?" ಸಿಟ್ಟು ಬಂದಾಗಷ್ಟೇ ಅವಳು ಅವನಿಗೆ ಮರ್ಯಾದೆ ಕೊಡುತ್ತಿದ್ದಳು.

"ನಾನೇ. ಯಾಕೆ, ಬಿಗಿ ಆಯ್ತಾ?"

"ಬಿಗಿ ಆದ್ರೆ ಏನ್ ಮಾಡ್ತೀರಿ? ಬಿಚ್ಚೋಕೆ ಒಳಗೆ ಏನಿದೆ?"

ಅವನು ಕೊರಳಲ್ಲಿದ್ದ ಟೇಪನ್ನು ಎಳೆದೆಳೆದು ಸರಿಮಾಡಿಕೊಂಡ. "ದಪ್ಪ ಹೊಲಿಗೆ ಚುಚ್ಚುತ್ತೆ ಅಂತ..."

"ಚುಚ್ಚುತ್ತೆ ಅಂತ ನಾನು ಹೇಳಿದ್ನಾ? ಅಮ್ಮ ಹೇಳಿದ್ಲಾ?"

"ಯಾರೂ ಹೇಳಿಲ್ಲ." ಅವನ ದನಿ ಇಳಿಯಿತು. "ಕೈ ಹಾಗೇ ಹೋಗ್ಬಿಡ್ತು ಕಣೇ. ಕತ್ತರಿಸಿದ ಮೇಲೆ ನನಗೇ ಗೊತ್ತಾಯ್ತು."

ಆ ಮಾತು ಅವಳನ್ನು ಇನ್ನಷ್ಟು ಉರಿಸಿತು. ಬೇಕಂತಲೇ ಮಾಡಿದ್ದರೆ ನಾಲ್ಕು ಬೈದು ಮುಗಿಸಬಹುದಿತ್ತು. ಅವನ ಕೈಗೇ ಹಾಗನ್ನಿಸಿದ್ದರೆ ಯಾರ ಹತ್ತಿರ ಜಗಳ ಆಡುವುದು? ಈ ಗೌನು ತೊಟ್ಟು ಅವನ ಸೈಕಲ್ಲಿನ ಹಿಂದೆ ಕೂತು ಊರಾಚೆಯ ಗುಡ್ಡ ಹತ್ತಬೇಕು, ಮೇಲೆ ನಿಂತರೆ ಸಮುದ್ರ ಕಾಣುತ್ತದಂತೆ, ಅದನ್ನು ನೋಡಬೇಕು ಎಂದು ಅವಳು ಕೇಳಿದಾಗಲೆಲ್ಲ ಅವನದು ಒಂದೇ ರಾಗ: ಹುಷಾರಾದ ಮೇಲೆ ಹೋಗೋಣ.

"ಬಾಯಿ ನೋಡಿದ್ರೆ 'ಹುಷಾರಾದ ಮೇಲೆ' ಅನ್ನುತ್ತೆ. ಕತ್ತರಿ ನೋಡಿದ್ರೆ ನನ್ನನ್ನ ಆಗಲೇ ಮಡಿಚಿ ಇಟ್ಟಾಗಿದೆ. ಎರಡರಲ್ಲಿ ಯಾವುದನ್ನ ನಂಬಲಿ, ಮಾಸ್ಟ್ರೇ?"

ಮೂಲೆಯಲ್ಲಿ ಅಪ್ಪನ ಹೊಲಿಗೆ ಯಂತ್ರ ನಿಂತಿತು. "ಹೋಗ್ಲಿ ಬಿಡು ಮಗಳೇ, ಇನ್ನೊಂದು ಹೊಲಿದುಕೊಡ್ತಾನೆ. ಏಳುಮಲ್ಲಿಗೆ ತೂಕ ಆಗಿದ್ದೀಯ, ಹೀಗೆಲ್ಲ ಕೂಗಾಡಬಾರದು."

"ಏಳುಮಲ್ಲಿಗೆ ತೂಕದ ರಾಜಕುಮಾರೀನ ಕಥೇಲಿ ಕುದುರೆ ಮೇಲೆ ಕೂರಿಸ್ಕೊಂಡು ಹೋಗ್ತಾರಪ್ಪ. ದಿಂಬಿಗೆ ಒರಗಿಸಿ, ಮೂಗು ಒರೆಸ್ಕೊಳ್ತಾ ಸುತ್ತ ಕೂತಿರಲ್ಲ."

ಅವಳು ಮೇಜು ಸುತ್ತಿ ಬಂದು ಕಟಿಂಗ್ ಮಾಸ್ಟರನ ಅಂಗಿಯ ಅಂಚು ಹಿಡಿದು ತಿರುವಿದಳು. ಪಕ್ಕೆಯ ಹೊಲಿಗೆಯುದ್ದಕ್ಕೂ ಎರಡು ಬೆರಳಗಲದ ಬಟ್ಟೆ ಒಳಗೆ ಸುಖವಾಗಿ ಮಲಗಿತ್ತು.

"ಇದೇನು?"

"ಮಾರ್ಜಿನ್ನು."

"ಯಾಕೆ, ಮುಂದೆ ಹೊಟ್ಟೆ ಬರುತ್ತೆ ಅಂತಾನಾ? ತಾವು ಹೊಟ್ಟೆ ಬಿಟ್ಕೊಂಡು ಮುದುಕ ಆಗೋವರೆಗೂ ಇರ್ತೀರಿ ಅಂತ ಯಾರು ಬಂದು ಹೇಳಿ ಹೋದ್ರು?" ಅವಳು ಮೇಜಿನ ಮೇಲಿದ್ದ ದೊಡ್ಡ ಕತ್ತರಿಯನ್ನು ಎರಡೂ ಕೈಯಲ್ಲಿ ಎತ್ತಿಕೊಂಡಳು. "ಕೈ ಎತ್ತಿ."

ಹಿಂದೆ ಸರಿಯಬಹುದಿತ್ತು. ಅವನು ಕೈ ಎತ್ತಿದ. ತಣ್ಣನೆಯ ಅಲಗು ಪಕ್ಕೆ ಸವರಿದಾಗ ಉಸಿರು ಬಿಗಿಹಿಡಿದ.

"ಕತ್ತರಿ ಭಾರ ಇದೆ ಕಣೇ."

"ಇರ್ಲಿ. ನೀವು ಮಿಸುಕಿ ಗಾಯ ಮಾಡ್ಕೊಂಡ್ರೆ ನನ್ನ ಮೇಲೆ ಹೇಳಬೇಡಿ."

ಅಂಚಿನಿಂದ ಕಂಕುಳವರೆಗೆ, ಹೊಲಿಗೆಗೆ ಅಂಟಿಕೊಂಡು ಅವಳು ಕತ್ತರಿಸಿದಳು. ಉದ್ದದ ಪಟ್ಟಿಯೊಂದು ನೆಲಕ್ಕೆ ಬಿತ್ತು. ಅಷ್ಟಕ್ಕೇ ಏದುಸಿರು ಬಂದು ಮೇಜಿಗೆ ಒರಗಿದಳು. ಎದ್ದು ಬರಲು ಹೊರಟ ಅಪ್ಪನನ್ನು ಕಣ್ಣಲ್ಲೇ ಕೂರಿಸಿದಳು. ಸುಧಾರಿಸಿಕೊಂಡು ಇನ್ನೊಂದು ಪಕ್ಕೆಯನ್ನೂ ಮುಗಿಸಿದಳು.

"ಈಗ ಇಬ್ಬರೂ ಒಂದೇ. ಸೈಕಲ್ ತೆಗಿ."

ಪರದೆಯ ಹಿಂದೆ ಹೋಗಿ ಗೌನು ತೊಟ್ಟು ಬಂದಳು. ಕಟಿಂಗ್ ಮಾಸ್ಟರ್ ಅಪ್ಪನ ಮುಖ ನೋಡಿದ. ಅಪ್ಪ ದಾರ ಪೋಣಿಸಿಯೇ ಇದ್ದ ಸೂಜಿಗೆ ಮತ್ತೊಮ್ಮೆ ದಾರ ಪೋಣಿಸಲು ಬಗ್ಗಿದ. ಬಗ್ಗಿದಲ್ಲಿಂದಲೇ, "ಇಳಿಜಾರಲ್ಲಿ ಬ್ರೇಕ್ ನೋಡ್ಕೊಂಡು ಹಿಡಿ" ಎಂದ.

ಗುಡ್ಡದ ಏರು ಶುರುವಾದಾಗ ಅವನು ಸೀಟಿನಿಂದ ಎದ್ದು ಪೆಡಲಿನ ಮೇಲೆ ಮೈಭಾರ ಹಾಕಿದ. ಅಂಗಿಯ ಪಕ್ಕೆಯಲ್ಲಿ ದಾರ ಪಟ್ಟೆಂದಿತು, ಹಿಂದೆಯೇ ಇನ್ನೊಂದು.

"ಹೊಲಿಗೆ ಬಿಡ್ತಾ ಇದೆ ಕಣೇ."

"ಬಿಡ್ಲಿ. ತುಳಿ."