ನಾಯಿ ಹೂತಿಟ್ಟ ಗಂಬೊ

ಎಣ್ಣೆ ಕಾದಿತ್ತು, ಹಿಟ್ಟು ಬಿದ್ದಿತ್ತು, ಮರದ ಸೌಟು ತಿರುಗುತ್ತಿತ್ತು. ಓವೀಡನ ಬಾಯಿಗೆ ಮಾತ್ರ ಕಥೆ ಬರುತ್ತಿರಲಿಲ್ಲ. ಚರ್ಚಿನ ಅಂಗಳದ ಬೆಂಚುಗಳ ಮೇಲೆ ಕೂತ ಜನ ನಗಲು ತಯಾರಾಗಿ ಆಗಲೇ ಬಾಯಿ ಅರೆ ತೆರೆದಿದ್ದರು. ದಕ್ಷಿಣ ಲೂಸಿಯಾನಾದ ಕಾಲುವೆ ಕೊಳ್ಳದ ಊರುಗಳಿಂದ ದೋಣಿ ಹತ್ತಿ ಅವರು ಬರುತ್ತಿದ್ದುದು ಓವೀಡನ ಗಂಬೊ ಸಾರಿಗೆ ಎನ್ನುವುದು ಅರ್ಧ ನಿಜ. ಇನ್ನರ್ಧ, ಆ ಸಾರಿಗೆಂದು ಎಣ್ಣೆಯಲ್ಲಿ ಹಿಟ್ಟು ಹುರಿಯುತ್ತ ಅವನು ಹೇಳುವ ಒಂದು ಕಥೆಗೆ: ಮದುವೆಯ ಹೊಸತರಲ್ಲಿ ಹೆಂಡತಿ ಎಲೋಡಿ ಮೊದಲ ಗಂಬೊ ಸೀಯಿಸಿದ್ದು, ಅದನ್ನು ನಾಯಿಗೆ ಹಾಕಿದ್ದು, ನಾಯಿ ಒಮ್ಮೆ ಮೂಸಿ ನೋಡಿ ಹಿತ್ತಲಲ್ಲಿ ಗುಂಡಿ ತೋಡಿ ಹೂತು, ಅದರ ಮೇಲೆ ಕೂತು ಅತ್ತಿದ್ದು. ರೇಡಿಯೊದಲ್ಲೂ ಅದನ್ನು ಹೇಳಿ ಹೇಳಿ ಸೀಮೆಯನ್ನೆಲ್ಲ ನಗಿಸಿದ್ದ ಪುಣ್ಯಾತ್ಮ.

ಆ ಎಲೋಡಿ ಮುಂದಿನ ಬೆಂಚಿನಲ್ಲೇ ಕೈಕಟ್ಟಿ ಕೂತಿದ್ದಳು. ಬೆಳಿಗ್ಗೆ ಬ್ರೆಡ್ ಅಂಗಡಿಯಲ್ಲಿ ಗುರುತು ಪರಿಚಯವಿಲ್ಲದ ಪುಟ್ಟ ಹುಡುಗಿಯೊಂದು ಅವಳ ಲಂಗ ಎಳೆದು, ನಾಯಿ ಹೂತುಹಾಕಿದ್ದು ನಿಮ್ಮ ಅಡುಗೆಯನ್ನೇ ಅಲ್ಲವೇ ಎಂದು ಕೇಳಿತ್ತು. ಮನೆಗೆ ಬಂದವಳೇ ಗಂಡನ ಎದುರು ನಿಂತಿದ್ದಳು.

"ಇಷ್ಟು ವರ್ಷ ಎಲ್ಲರಿಗಿಂತ ಮೊದಲು ನಕ್ಕೋಳು ನಾನೇ. ಇನ್ನು ಸಾಕು ಓವೀಡ್. ನಾಳೆ ನನ್ನ ಗೋರಿ ಮೇಲೂ ಆ ನಾಯಿನೇ ಕೆತ್ತಿಸ್ತೀಯೇನು? ಇವತ್ತು ಆ ಕಥೆ ತೆಗೆದ್ಯೋ, ಅಲ್ಲಿಂದಲೇ ಎದ್ದು ನಮ್ಮಕ್ಕನ ಮನೆಗೆ ಹೋಗ್ತೀನಿ. ಕರೆಯೋಕೆ ಬರ್ಬೇಡ."

ಹೋಗುತ್ತೇನೆಂದರೆ ಹೋಗುವವಳೇ ಅವಳು. ಓವೀಡನಿಗೆ ಅದು ಚೆನ್ನಾಗಿ ಗೊತ್ತಿತ್ತು. ಗೊತ್ತಿಲ್ಲದಿದ್ದದ್ದು ಬೇರೆ: ಆ ಕಥೆ ಇಲ್ಲದೆ ತನಗೆ ಹಿಟ್ಟು ಹುರಿಯಲೇ ಬರುವುದಿಲ್ಲವೆಂದು. ಕಥೆಯಲ್ಲಿ ಮದುಮಗಳು ಒಲೆ ಹಚ್ಚಿದಾಗ ಹಿಟ್ಟು ಮರಳಿನ ಬಣ್ಣ, ಅತ್ತೆ ಬಾಗಿಲಲ್ಲಿ ಇಣುಕಿದಾಗ ಕಡಲೆಕಾಯಿ ಸಿಪ್ಪೆಯ ಬಣ್ಣ, ನಾಯಿ ಗುಂಡಿ ತೋಡುವ ಹೊತ್ತಿಗೆ ಹಳೆಯ ತಾಮ್ರದ ಬಣ್ಣ. ಅಲ್ಲಿಗೆ ಈರುಳ್ಳಿ ಸುರಿದರೆ ಆಯಿತು. ಇಷ್ಟು ವರ್ಷದಲ್ಲಿ ಅವನು ಕೊಪ್ಪರಿಗೆಯೊಳಗೆ ಇಣುಕಿದ್ದೇ ಕಡಿಮೆ. ಅವನ ಕಣ್ಣು ಯಾವಾಗಲೂ ಜನರ ಮೇಲೆ, ಅದರಲ್ಲೂ ಮುಂದಿನ ಬೆಂಚಿನ ಮೇಲೆ.

ಏನೋ ಒಂದು ಹೇಳಬೇಕಲ್ಲ ಎಂದು, ಮೊಸಳೆ ಹಿಡಿಯಲು ಹೋದ ಚಿಕ್ಕಪ್ಪನ ಕಥೆ ಶುರು ಮಾಡಿದ. ಚಿಕ್ಕಪ್ಪ ದೋಣಿ ಹತ್ತಿದ, ಹಗ್ಗ ಮರೆತ, ಮನೆಗೆ ಮರಳಿದ, ಮತ್ತೆ ದೋಣಿ ಹತ್ತಿದ. ಮೊಸಳೆ ಇನ್ನೂ ನೀರಿನಿಂದ ತಲೆ ಎತ್ತಿರಲಿಲ್ಲ, ಅಷ್ಟರಲ್ಲಿ ಬೆಂಚುಗಳ ಮೇಲಿನ ಮೂಗುಗಳೆಲ್ಲ ಒಟ್ಟಿಗೆ ಎದ್ದವು. ಆ ಸೀಮೆಯ ಕೇಜನ್ ಜನರ ಮನೆಯಲ್ಲಿ ಹುಟ್ಟಿದವರಿಗೆ ಸೀದ ಹಿಟ್ಟಿನ ವಾಸನೆಯೆಂದರೆ ಸಾವಿನ ಸುದ್ದಿ ಬಂದ ಹಾಗೆ. ಹಿಂದಿದ್ದ ಮುದುಕನೊಬ್ಬ ಹ್ಯಾಟು ತೆಗೆದು ಎದೆಗೊತ್ತಿಕೊಂಡ.

ಓವೀಡ್ ಬಗ್ಗಿ ನೋಡಿದ. ತುಂಬ ಕರಿಚುಕ್ಕಿ. ಅದಕ್ಕೆ ಮದ್ದಿಲ್ಲ, ಚೆಲ್ಲುವುದೊಂದೇ ದಾರಿ. ಫಾದರ್ ಲಾಂದ್ರಿ ತಾವೇ ಕೊಪ್ಪರಿಗೆ ತೊಳೆಸಿ, ಇನ್ನೊಂದು ಚೀಲ ಹಿಟ್ಟು ತಂದಿಟ್ಟು, ಇದು ಬಿಟ್ಟರೆ ಬೇರೆ ಇಲ್ಲ, ಹಸಿದ ಜನರನ್ನು ಪ್ರಾರ್ಥನೆಯಲ್ಲಿ ಸಮಾಧಾನ ಮಾಡಲು ತಮ್ಮಿಂದಾಗದು ಎಂದು ಕಿವಿಯಲ್ಲಿ ಹೇಳಿ ಹೋದರು. ಅಂಗಳದ ತುಂಬ ಜನ ನಾಯಿಯ ಕಥೆಯೇ ಆಗಲಿ ಎಂದು ಹಟ ಹಿಡಿದರು. ಆ ಕಥೆ ಹೇಳಿದರೆ ಸಾರು ಉಳಿಯುತ್ತಿತ್ತು, ಮಾನವೂ ಉಳಿಯುತ್ತಿತ್ತು. ಓವೀಡ್ ಮುಂದಿನ ಬೆಂಚನ್ನು ನೋಡಿದ. ಎಣ್ಣೆ ಕಾಯುತ್ತಿತ್ತು.

"ಇಲ್ರಪ್ಪ," ಎಂದ ಮೆಲ್ಲಗೆ. "ಆ ಕಥೆ ಇನ್ನು ಹೇಳಲ್ಲ. ಅದು ನಂದಲ್ಲ, ಅವಳದು."

ಎಲೋಡಿ ಎದ್ದಳು. ಹೊರಟೇಬಿಟ್ಟಳು ಎಂದುಕೊಂಡ ಓವೀಡ್. ಅವಳು ನೆಟ್ಟಗೆ ಒಲೆಯ ಹತ್ತಿರ ಬಂದು, ಅವನ ಕೈಯಿಂದ ಸೌಟು ಕಿತ್ತುಕೊಂಡು, ಹೋಗಿ ನನ್ನ ಜಾಗದಲ್ಲಿ ಕೂತ್ಕೋ ಎಂದಳು. ಹಿಟ್ಟು ಸುರಿದು, ಕಣ್ಣನ್ನು ಕೊಪ್ಪರಿಗೆಯಲ್ಲೇ ನೆಟ್ಟು, ಕೈಯಾಡಿಸುತ್ತ ಶುರು ಮಾಡಿದಳು. ಹೊಸ ಮನೆ, ಹೊಸ ಒಲೆ, ಇಣುಕುವ ಅತ್ತೆ. ಅತ್ತೆಯ ದನಿ ತೆಗೆದಾಗಲಂತೂ ಫಾದರ್ ಕೂಡ ಹೊಟ್ಟೆ ಹಿಡಿದುಕೊಂಡರು. ಎಲ್ಲರಿಗಿಂತ ಮೊದಲು ನಕ್ಕವನು ಮುಂದಿನ ಬೆಂಚಿನ ಓವೀಡ್.

"ಹಿಟ್ಟು ಸೀದಿದ್ದು ನಿಜ," ಎಂದಳು ಎಲೋಡಿ. "ಯಾಕೆ ಅಂತ ಈತ ಯಾವತ್ತೂ ಹೇಳಿಲ್ಲ. ಅಡುಗೆಮನೆ ಬಾಗಿಲಿಗೆ ಒರಗಿ ಕಥೆ ಹೇಳ್ತಿದ್ದ. ನಾನು ಸೌಟು ಹಿಡ್ಕೊಂಡು ಇವನ ಮುಖಾನೇ ನೋಡ್ತಾ ನಿಂತುಬಿಟ್ಟೆ. ಒಲೆ ಕಡೆ ನೋಡೋಕೆ ಮನಸ್ಸೇ ಬರ್ಲಿಲ್ಲ."

ಹಿಟ್ಟು ಕಡಲೆಕಾಯಿ ಸಿಪ್ಪೆಯ ಬಣ್ಣ ದಾಟಿತು. ಹ್ಯಾಟು ತೆಗೆದಿದ್ದ ಮುದುಕನಿಗೆ ತಡೆಯಲಾಗಲಿಲ್ಲ, ನಾಯಿ ಎಲ್ಲಿ ಬಂತು ಎಂದು ಕೇಳಿದ.

"ನಾಯಿ ಎಲ್ಲಿತ್ತು? ನಮ್ಮನೇಲಿ ನಾಯಿ ಸಾಕಿದ್ದೇ ಇಲ್ಲ." ಎಲೋಡಿ ಇನ್ನೆರಡು ಸುತ್ತು ಕೈಯಾಡಿಸಿದಳು. "ಆ ಕರ್ರಗಿನ ಸಾರು ಕೂತು ತಿಂದೋನು ಇವನೇ. ಬಟ್ಟಲು ಬರಿದು ಮಾಡಿ, ಇನ್ನೊಂಚೂರು ಹಾಕು ಅಂದ."

ಹಳೆಯ ತಾಮ್ರದ ಬಣ್ಣ ಬಂದಿತ್ತು. ಅವಳು ಈರುಳ್ಳಿ ಸುರಿದಳು, ಕೊಪ್ಪರಿಗೆ ಚೊಂಯ್ ಎಂದಿತು. ಅಂಗಳವೆಲ್ಲ ಬಿದ್ದು ಬಿದ್ದು ನಗುತ್ತಿರುವಾಗ, ಮುಂದಿನ ಬೆಂಚಿನಲ್ಲಿ ಓವೀಡ್ ಮುಖ ಕೆಂಪಗೆ ಮಾಡಿಕೊಂಡು, ಇನ್ನೂ ಆಗದ ಸಾರಿಗೆ ಆಗಲೇ ಬಟ್ಟಲು ಚಾಚಿ ಕೂತಿದ್ದ.