ಅಂಗಡಿ ತುಂಬ ಮೋಡ

ಲೆಕ್ಕದ ಮೇಷ್ಟ್ರು ಕ್ಷೌರದ ಕುರ್ಚಿಯಲ್ಲಿ ಕುಳಿತು ತಲೆಗೆ ಕೈಹಾಕಿದವರು, ಚೇಳು ಕಂಡವರಂತೆ ಕೈ ಹಿಂದಕ್ಕೆಳೆದುಕೊಂಡರು. ಕನ್ನಡಿಯ ಮೇಲೆ, ದೇವರ ಪಟದ ಪಕ್ಕದಲ್ಲೇ, ಪುಟ್ಟ ಕ್ಯಾಮೆರಾವೊಂದು ಕಣ್ಣು ಬಿಟ್ಟುಕೊಂಡು ಕೂತಿತ್ತು.

"ಇದ್ಯಾವಾಗ ಬಂತು ಯಜಮಾನ್ರೇ?"

"ನಿನ್ನೆ. ಕಳ್ಳಕಾಕರ ಭಯ ಅಂತ ಅಳಿಯಂದಿರು ಹಾಕಿಸಿಕೊಟ್ರು," ಎಂದ ಅಂಗಡಿಯ ತಾತ, ಬಟ್ಟೆ ಕೊಡವುತ್ತ. "ಇಲ್ಲಿ ಕದ್ದವನಿಗೇ ನಷ್ಟ! ಅವರ ಮನೆ ಟೀವೀಲಿ ಎಲ್ಲಾ ಕಾಣುತ್ತಂತೆ. ಮೊಮ್ಮಗಳು ಕಾರ್ಟೂನ್ ಬಿಟ್ಟು ನನ್ನನ್ನೇ ನೋಡ್ತಾ ಕೂತಿದಾಳೆ."

ಮೇಷ್ಟ್ರ ಮುಖ ಬಾಡಿತು. ಆ ಮೊಮ್ಮಗಳು ಅವರದೇ ತರಗತಿಯ ಬಾಯಿಬಡುಕಿ. ತಮ್ಮ ತಲೆಯ ಮೇಲಿನ ಕಪ್ಪು ಕ್ರಾಪು ವಿಗ್ ಎಂಬುದು ಹೆಂಡತಿಯನ್ನು ಬಿಟ್ಟರೆ ಈ ತಾತನೊಬ್ಬನಿಗೇ ಗೊತ್ತು. ರಜೆಯ ದಿನ, ಬೀದಿ ತೂಕಡಿಸುವ ಹೊತ್ತಿಗೆ ಬಂದು, ಅದನ್ನು ತೆಗೆದಿಟ್ಟು, ಕಿವಿಯ ಮೇಲೆ ಉಳಿದಷ್ಟನ್ನು ಕತ್ತರಿಸಿಕೊಂಡು ಹೋಗುತ್ತಿದ್ದರು. ಈಗ ತೆಗೆದರೆ ನಾಳೆ ಇಡೀ ಶಾಲೆಗೆ ಹಬ್ಬ.

"ಗಡ್ಡ ಮಾತ್ರ ಸಾಕು. ಇನ್ನುಮುಂದೆ... ದೂರ ಎಲ್ಲಾದ್ರೂ ನೋಡ್ಕೋತೀನಿ."

ತಾತ ಕೊಡವಿದ ಬಟ್ಟೆಯನ್ನು ಮೇಷ್ಟ್ರ ಕೊರಳಿಗೆ ಕಟ್ಟಿದ. ನಂಬಿ ತಲೆ ಒಪ್ಪಿಸಿದ್ದ ಮನುಷ್ಯ ತನ್ನ ಅಂಗಡಿಯಲ್ಲೇ ಹೀಗೆ ಮುದುಡಿ ಕೂರುವುದೇ? ವೈರು ಕಿತ್ತರೆ ಅಳಿಯನಿಗೆ ಬೇಸರ. ಪಟವನ್ನೂ ಕ್ಯಾಮೆರಾವನ್ನೂ ಒಂದು ಗಳಿಗೆ ನೋಡಿ ನಕ್ಕ.

"ದೇವರೂ ಎಲ್ಲಾ ನೋಡ್ತಾನೆ ಮೇಷ್ಟ್ರೇ. ಆದ್ರೆ ನೋಡಿದ್ದನ್ನ ಪಕ್ಕದ ಮನೇಲಿ ಹೇಳ್ಕೊಂಡು ತಿರುಗಲ್ಲ. ಇದಿನ್ನೂ ಎಳೇದು, ಆ ಬುದ್ಧಿ ಬಂದಿಲ್ಲ."

ಸ್ಟೂಲು ಹತ್ತಿ, ಬ್ರಶ್ಶಿನ ನೊರೆಯನ್ನು ಕ್ಯಾಮೆರಾದ ಗಾಜಿಗೆ ಮದುಮಗನ ಕೆನ್ನೆಗೆ ಹಚ್ಚುವಂತೆ ಮೆತ್ತಗೆ ಬಳಿದ. ಇಳಿಯುವಷ್ಟರಲ್ಲೇ ಫೋನು.

"ತಾತಾ, ನಿನ್ನ ಅಂಗಡಿ ತುಂಬ ಮೋಡ!"

ತಾತನಿಗೆ ಸುಳ್ಳಾಡಿ ರೂಢಿಯಿಲ್ಲ. "ಕ್ಯಾಮೆರಾಗೆ ಸೋಪು ಹಚ್ಚಿದೀನಿ ಕಂದಾ. ಈ ಕ್ಷೌರ ಮುಗಿಸಿ ಒರೆಸ್ತೀನಿ."

"ಯಾಕೆ ತಾತಾ?"

"ಹೇಳೋ ಹಾಗಿದ್ರೆ ಸೋಪು ಯಾಕೆ ಹಚ್ತಿದ್ದೆ?"

ಆ ಕಡೆ ಕಿಲಕಿಲ ನಗು. ಮೇಷ್ಟ್ರು ವಿಗ್ ತೆಗೆದು ತೊಡೆಯ ಮೇಲೆ ಬೆಕ್ಕಿನ ಮರಿಯಂತೆ ಮಲಗಿಸಿಕೊಂಡರು. ಫ್ಯಾನಿನ ಗಾಳಿ ನೆತ್ತಿಗೆ ತಾಗಿ ಹಾಯೆನಿಸಿತು. ಅರೆಗಣ್ಣು ತೆರೆದರೆ, ಗಾಜಿನ ಮೇಲಿನ ನೊರೆ ಮೆಲ್ಲಗೆ ಜಾರುತ್ತಿದೆ! ಕೊರಳ ಬಟ್ಟೆಯ ಸಮೇತ ಎದ್ದು, ತಾವೇ ಬ್ರಶ್ ಹಿಡಿದು, ಬೋಳುತಲೆಯಲ್ಲಿ ಸ್ಟೂಲು ಹತ್ತಿದರು.

"ಕೆಳಗಿಂದ ಮೇಲಕ್ಕೆ ಹಚ್ಚಿ ಮೇಷ್ಟ್ರೇ," ಎಂದ ತಾತ, ಸ್ಟೂಲನ್ನು ಗಟ್ಟಿಯಾಗಿ ಹಿಡಿದುಕೊಂಡು. "ಆಗ ನಿಲ್ಲುತ್ತೆ."